ಫಕೀರಬಿ ನೋಡದ ಪಿಕ್ಚರುಗಳು

ಬೆಟಗೇರಿಯ ನದಾಫರ ಮಾಶಾಕನನ್ನು ಹಿಂದಿ ಪಿಕ್ಚರಿನವರು ಎಷ್ಟು ಬಗೆಯಲ್ಲಿ ಕೊಂದಿದ್ದಾರೆ ಎಂಬುದು ಅವನಿಗೇ ನೆನಪಿಲ್ಲ. ಗುಂಡು ಹೊಡೆದು ಕೊಂದಿದ್ದಾರೆ, ಗುಡ್ಡದ ಮೇಲಿಂದ ನೂಕಿ ಕೊಂದಿದ್ದಾರೆ, ಹಾಲಿನಲ್ಲಿ ವಿಷ ಹಾಕಿ ಕೊಂದಿದ್ದಾರೆ, ಒಮ್ಮೆ ಆನೆಯ ಕಾಲಿಗೂ ಕೊಟ್ಟಿದ್ದಾರೆ. ಸಾಯದೆ ಉಳಿದ ಪಿಕ್ಚರುಗಳಲ್ಲಿ ಅವನು ಹವಾಲ್ದಾರ, ವಕೀಲ, ಗುಡಿಯ ಪೂಜಾರಿ, ಮಸೀದಿಯ ಮೌಲವಿ, ಮಂತ್ರಿಯ ಬಾಲಬಡುಕ, ಮಗಳ ಮದುವೆಯಲ್ಲಿ ರುಮಾಲು ತೆಗೆದು ಬೀಗರ ಕಾಲಿಗಿಡುವ ತಂದೆ. ಯಾವ ವೇಷ ಕೊಟ್ಟರೂ ಅದು ಅವನ ಮೈಗೆ ಹೊಲಿದು ಹಾಕಿದಂತೆ ಕೂಡುತ್ತಿತ್ತು. ಪೂಜಾರಿಯಾದಾಗ ಜನ ಕೈ ಮುಗಿದರು, ಕಳ್ಳನಾದಾಗ ಅದೇ ಜನ ಕೈಚೀಲ ಗಟ್ಟಿ ಹಿಡಿದುಕೊಂಡರು. ಅಂಥ ನಟ.

ಆದರೆ ಅಷ್ಟೂ ಪಿಕ್ಚರುಗಳಲ್ಲಿ ಬಾಯಿ ಆಡಿಸಿದವನು ಮಾಶಾಕ, ದನಿ ಮಾತ್ರ ಬೇರೆಯವರದು. ಮುಂಬಯಿಯವರಿಗೆ ಅವನ ಮುಖ ಬೇಕಿತ್ತು, ಕಣ್ಣು ಬೇಕಿತ್ತು, ನಡಿಗೆ ಬೇಕಿತ್ತು. ನಾಲಿಗೆ ಬೇಡವಾಗಿತ್ತು. ಅವನ ಹಿಂದಿಯಲ್ಲಿ ಕನ್ನಡದ ವಾಸನೆ ಹೊಡೆಯುತ್ತದಂತೆ. ಇದೇ ಕಾರಣಕ್ಕೆ ಅವನನ್ನು ಹೆತ್ತ ಫಕೀರಬಿ, ಮಗನ ಪಿಕ್ಚರು ನೋಡುವುದಿಲ್ಲ ಎಂದು ಹಟ ಹಿಡಿದು ಕೂತವಳು, ಮೂವತ್ತು ವರ್ಷ ದಾಟಿದರೂ ಹಟ ಬಿಟ್ಟಿರಲಿಲ್ಲ. ಮಾಶಾಕನಿಗೆ ಪ್ರಶಸ್ತಿಯ ಆಸೆ ಇರಲಿಲ್ಲ, ಪೋಸ್ಟರಿನಲ್ಲಿ ಮುಖ ಬರಲಿ ಎಂಬ ಹುಚ್ಚೂ ಇರಲಿಲ್ಲ. ತನ್ನ ದನಿ ಒಮ್ಮೆ ಪರದೆಯಿಂದ ಹೊರಗೆ ಬರಬೇಕು, ಅದನ್ನು ಅವ್ವ ಕೂತು ಕೇಳಬೇಕು. ಇಷ್ಟೇ. ಇಷ್ಟೇ ಎಂದು ಬಾಯಿಮಾತಿಗೆ ಅಂದೆ, ಆಸೆಯೇನು ಸಣ್ಣದಲ್ಲ.

ಮೊದಲಿಂದ ಹೇಳುತ್ತೇನೆ. ನದಾಫರೆಂದರೆ ಹತ್ತಿ ಹಿಂಜಿ ಗಾದಿ ಹೊಲಿಯುವವರು. ಮಾಶಾಕನ ಅಪ್ಪ ಹತ್ತಿ ಹಿಂಜುವ ಬಿಲ್ಲು ಹೆಗಲಿಗೇರಿಸಿಕೊಂಡು ಗದಗ, ಹುಲಕೋಟಿ, ಕಣಗಿನಹಾಳ ಎಂದು ಓಣಿ ಓಣಿ ತಿರುಗುತ್ತಿದ್ದ. ಫಕೀರಬಿ ಮನೆಯಲ್ಲಿ ಕೂತು ದಿಂಬು ತುಂಬುತ್ತಿದ್ದಳು. ಇವರ ಮನೆಮಾತು ಕನ್ನಡ. ಹೊರಗಿನವರಿಗೆ ಇದು ತಿಳಿಯುವುದೇ ಇಲ್ಲ. ಮುಸಲ್ಮಾನರು ಎಂದ ಕೂಡಲೆ ಬಾಯಲ್ಲಿ ಉರ್ದು ಸುರಿಯಬೇಕು ಎಂದುಕೊಳ್ಳುತ್ತಾರೆ. ಬೆಟಗೇರಿಯ ನದಾಫರ ಓಣಿಗೆ ಒಂದು ದಿನ ಬಂದು ನಿಲ್ಲಲಿ: ಜಗಳ ಕನ್ನಡದಲ್ಲಿ, ಜೋಗುಳ ಕನ್ನಡದಲ್ಲಿ, ಸತ್ತವರ ಮುಂದೆ ಅಳುವುದೂ ಕನ್ನಡದಲ್ಲಿ.

ಹದಿನೈದರ ವಯಸ್ಸಿನಲ್ಲಿ ಮಾಶಾಕ ಹತ್ತಿಯ ಚೀಲ ಮುಟ್ಟಿಸಿ ಬಾ ಎಂದು ಕಳಿಸಿದರೆ ಲಕ್ಷ್ಮೇಶ್ವರದಲ್ಲಿ ಡೇರೆ ಹಾಕಿದ್ದ ನಾಟಕ ಕಂಪನಿಗೆ ಹೋಗಿ ಸೇರಿಕೊಂಡ. ಅಲ್ಲಿ ಪೇಟಿ ಬಾರಿಸುತ್ತಿದ್ದವರು ಮುಂಡರಗಿಯ ಗವಿಸಿದ್ದಪ್ಪ ಮಾಸ್ತರ. ಹಾರ್ಮೋನಿಯಂ ಪೇಟಿಯ ಮೇಲೆ ಬೆರಳು, ಹುಡುಗರ ಬೆನ್ನ ಮೇಲೆ ಕಣ್ಣು. ಆಗ ಕರೆಂಟಿನ ಭರವಸೆ ಇರಲಿಲ್ಲ, ಮೈಕಿನದಂತೂ ಕೇಳಲೇಬೇಡಿ. ಎಲ್ಲರಿಗಿಂತ ಹಿಂದೆ ಕೂತ ಮುದುಕಿಗೆ ಮಾತು ಮುಟ್ಟದಿದ್ದರೆ ಮುಂದೆ ಕೂತ ಗೌಡನಿಗೂ ಅದು ಮುಟ್ಟಿಲ್ಲವೆಂದೇ ತಿಳಿ ಎಂದು ಮಾಸ್ತರ ಕಲಿಸಿದರು. ಜನರಿಗೆ ಬೆನ್ನು ತೋರಿಸಬೇಡ ಎಂದೂ ಕಲಿಸಿದರು. ಬೆನ್ನು ತೋರಿಸಿದವನು ಸಾಲ ಮಾಡಿ ಓಡಿಹೋಗುವವನ ಹಾಗೆ ಕಾಣುತ್ತಾನೆ ಎಂದು ಅವರ ಮಾತು.

ಮಾಶಾಕನ ದನಿ ಮಾಗಿದ್ದು ಹೀಗೆ. ಶಿರಹಟ್ಟಿಯಲ್ಲಿ ಒಮ್ಮೆ ಗಾಳಿಮಳೆಗೆ ದೀಪವೆಲ್ಲ ಆರಿ ಕತ್ತಲಾದಾಗ ಜನ ಎದ್ದು ಹೋಗಲಿಲ್ಲ. ಅವನ ಮಾತು ಕೇಳಿಸುತ್ತಿತ್ತು, ಕೂತು ಕೇಳಿದರು. ಅವನು ಖಳನಾಯಕನಾದ, ಸ್ವಾಮಿಯಾದ, ಕುಡುಕನಾದ. ಕಂಪನಿಯ ನಾಯಕಿ ಕಸ್ತೂರೆವ್ವ ಜ್ವರ ಬಂದು ಮಲಗಿದರೆ ಅವಳ ಸೀರೆ ಉಟ್ಟು ಅವಳ ಪಾತ್ರವನ್ನೂ ಮಾಡಿದ. ಮರುದಿನ ಕಸ್ತೂರೆವ್ವ ಎದ್ದು ಬಂದು, ನನಗಿಂತ ನಿನಗೇ ಸೀರೆ ಒಪ್ಪುತ್ತದೆ, ಇನ್ನು ನನ್ನ ಅನ್ನಕ್ಕೆ ಕಲ್ಲು ಹಾಕಬೇಡ ಮಾರಾಯ ಎಂದು ನಕ್ಕಿದ್ದಳು.

ಅವನು ಇಪ್ಪತ್ತಾರರವನಿದ್ದಾಗ ಡಂಬಳದ ಕೆರೆಯ ದಂಡೆಗೆ ಒಂದು ಹಿಂದಿ ಪಿಕ್ಚರಿನ ತಂಡ ಬಂತು. ಕೈಯಲ್ಲಿ ಕಾಸು ಕಡಿಮೆ ಇದ್ದ ತಂಡ. ಮಾಶಾಕನಿಗೆ ಅಂಚೆಯವನ ವೇಷ ಕೊಟ್ಟರು. ಮಾರನೆಯ ದಿನ ಕುಡುಕನ ಪಾತ್ರದವನು ಬರಲಿಲ್ಲ, ಮಾಶಾಕ ಮೀಸೆ ಬೋಳಿಸಿ ಕುಡುಕನಾದ. ಅದರ ಮರುದಿನ ದರೋಡೆಕೋರ ಬೇಕಾಯಿತು, ಗಡ್ಡ ಅಂಟಿಸಿಕೊಂಡು ಅದೂ ಆದ. ಒಂದೇ ಪಿಕ್ಚರಿನಲ್ಲಿ ಅಂಚೆಯವನನ್ನು ದರೋಡೆಕೋರ ಲೂಟಿ ಮಾಡುತ್ತಾನೆ, ಕುಡುಕ ಸಾಕ್ಷಿ ಹೇಳುತ್ತಾನೆ, ಮೂವರೂ ಒಬ್ಬನೇ ಎಂದು ಯಾರಿಗೂ ತಿಳಿಯಲಿಲ್ಲ. ನಿರ್ದೇಶಕ ಬೆರಗಾಗಿ, ಮುಂಬಯಿಗೆ ಬಂದುಬಿಡು ಎಂದ. ಹೆಂಡತಿ ಯಾಸ್ಮೀನ ಆಗ ಬಸುರಿ. ಹೋಗಿ ಬರ್ರಿ, ಹೋಗದೆ ಉಳಿದರೆ ಜನ್ಮಪೂರ್ತಿ ನನ್ನ ಮುಂದೆ ಗೊಣಗುತ್ತೀರಿ ಎಂದು ಬುತ್ತಿ ಕಟ್ಟಿ ರೈಲು ಹತ್ತಿಸಿದಳು.

ಮುಂಬಯಿಯಲ್ಲಿ ಮೊದಲ ದಿನವೇ ಫಜೀತಿ. ಬಾಗಿಲಿನಿಂದ ಹೊರಗೆ ನಡೆದು ಹೋಗುವುದಷ್ಟೇ ಪಾತ್ರ. ಮಾಶಾಕ ಕ್ಯಾಮರಾಕ್ಕೆ ಮುಖ ಕೊಟ್ಟು ಹಿಂದೆ ಹಿಂದೆ ಹೆಜ್ಜೆ ಇಡುತ್ತ ಹೊರಟ. ಬೆನ್ನು ತಿರುಗಿಸೋ ಎಂದು ನಿರ್ದೇಶಕ ಕೂಗಿದರೂ ಮೈ ತಿರುಗಲೊಲ್ಲದು. ಕಂಪನಿ ನಾಟಕದ ಮೈ ಅದು. ನಾಲ್ಕು ಸಲ ಹಾಗೇ ಮಾಡಿ ಹೊಸ್ತಿಲಿಗೆ ಎಡವಿ ಬಿದ್ದ. ಮಾತಾಡು ಎಂದಾಗ ಹಿಂದಿನ ಸಾಲಿನ ಮುದುಕಿಗೆ ಕೇಳಿಸುವ ಹಾಗೆ ಮಾತಾಡಿದ, ಕಿವಿಗೆ ಯಂತ್ರ ಹಾಕಿಕೊಂಡು ಕೂತಿದ್ದ ದನಿಮುದ್ರಕ ಕುರ್ಚಿಯಿಂದ ಜಿಗಿದು ಎದ್ದ. ಇವೆರಡನ್ನೂ ಮಾಶಾಕ ಬೇಗ ತಿದ್ದಿಕೊಂಡ. ಬೆನ್ನು ತಿರುಗಿಸಲು ಕಲಿತ, ಪಿಸುಗುಡಲು ಕಲಿತ. ನಾಲಿಗೆ ಮಾತ್ರ ತಿರುಗಲಿಲ್ಲ. ಮುಸಲ್ಮಾನನಾಗಿ ನಿನಗೆ ಉರ್ದು ಯಾಕೆ ಬಾರದು ಎಂದು ಒಬ್ಬ ಕೇಳಿದ. ನಮ್ಮ ಮನೆಯಲ್ಲಿ ಪ್ರಾರ್ಥನೆ ಅರಬ್ಬಿಯಲ್ಲಿ, ಬದುಕು ಕನ್ನಡದಲ್ಲಿ ಎಂದು ಇವನು ಹೇಳಿದ. ಅವನಿಗೆ ತಿಳಿಯಲಿಲ್ಲ. ದನಿ ಬೇರೆಯವರಿಂದ ಹಾಕಿಸೋಣ ಎಂದು ಅಂದು ಅವರು ಅವನ ಹೆಸರಿನ ಮುಂದೆ ಬರೆದದ್ದು ಹಣೆಬರಹವಾಯಿತು.

ಡಂಬಳದ ಪಿಕ್ಚರು ಗದಗಿಗೆ ಬರಲೇ ಇಲ್ಲ. ಮುಂಬಯಿಯಲ್ಲಿ ಮಾಡಿದ ಮೊದಲ ಪಿಕ್ಚರು ಗದಗಿನ ಟಾಕೀಸಿಗೆ ಬಂದಾಗ ನದಾಫರ ಓಣಿಯೆಲ್ಲ ಎರಡು ಟಾಂಗಾ ತುಂಬಿ ಹೋಯಿತು. ಫಕೀರಬಿ ಹೊಸ ಸೀರೆ ಉಟ್ಟಿದ್ದಳು. ಊರಿಗೆ ಬಂದಿದ್ದ ಮಾಶಾಕ ಅವ್ವನ ಪಕ್ಕದಲ್ಲೇ ಕೂತಿದ್ದ. ಪರದೆಯ ಮೇಲೆ ಅವನು ಹವಾಲ್ದಾರನಾಗಿ ಬಂದ ಕೂಡಲೆ ಟಾಕೀಸಿನ ತುಂಬ ಸಿಳ್ಳೆ. ಹವಾಲ್ದಾರ ಬಾಯಿ ತೆರೆದ. ಫಕೀರಬಿ ತಟ್ಟನೆ ಮಗನ ಕಡೆ ನೋಡಿದಳು, ಮತ್ತೆ ಪರದೆ ನೋಡಿದಳು, ಎದ್ದು ನಿಂತಳು.

“ಮಾರಿ ನನ್ನ ಮಗಂದೈತಿ. ದನಿ ಯಾವನದು?”

ಹಿಂದಿನವರು ಕುಂಡ್ರಬೇ ಎಂದು ಕೂಗಿದರು. ಅವಳು ಕೂಡಲಿಲ್ಲ. ಸಾಲಿನಲ್ಲಿದ್ದವರ ಮೊಣಕಾಲು ದಾಟುತ್ತ ಹೊರಗೆ ಹೋದವಳು ನಡೆದೇ ಬೆಟಗೇರಿ ಮುಟ್ಟಿದಳು. ಮಾಶಾಕ ಹಿಂದೆ ಓಡಿ ಹೋಗಿ, ಅಲ್ಲಿ ಹಾಗೇ ಮಾಡುತ್ತಾರೆ, ಎಲ್ಲರಿಗೂ ಮಾಡುತ್ತಾರೆ ಎಂದು ಸಮಜಾಯಿಷಿ ಹೇಳಿದ. ಅವಳು ಕೇಳಿಸಿಕೊಂಡಳು. ಬೇರೊಬ್ಬರ ದನಿ ಹೊತ್ತ ಮಗನನ್ನು ನೋಡಿದರೆ ಮೈಮೇಲೆ ಏನೋ ಬಂದವನನ್ನು ನೋಡಿದ ಹಾಗಾಗುತ್ತದೆ, ನನ್ನಿಂದ ಆಗುವುದಿಲ್ಲ ಎಂದಳು. ನಿನ್ನ ದನಿ ಬಂದ ದಿನ ಹೇಳು, ನೋಡುತ್ತೇನೆ. ಅಲ್ಲಿಯವರೆಗೆ ನಿನ್ನ ಪಿಕ್ಚರು ನನಗೆ ಹರಾಮ ಎಂದಳು. ಅವತ್ತು ಮಾಶಾಕನಿಗೆ ಸಿಟ್ಟು ಬಂತು. ದೇಶವೆಲ್ಲ ಸಿಳ್ಳೆ ಹಾಕುವಾಗ ಹೆತ್ತವಳು ಹೀಗೆ ಮುಖಕ್ಕೆ ಹೊಡೆದಂತೆ ಮಾತಾಡಬೇಕೆ ಎಂದು ಉಣ್ಣದೆ ಮಲಗಿದ. ಬೆಳಿಗ್ಗೆ ಎದ್ದಾಗ ಸಿಟ್ಟು ಅವ್ವನ ಮೇಲೆ ಇರಲಿಲ್ಲ. ಅವಳು ಹೇಳಿದ್ದು ಖರೆ ಎಂದು ಅವನಿಗೂ ಗೊತ್ತಿತ್ತು, ಆ ಹವಾಲ್ದಾರನನ್ನು ನೋಡಿ ಅವನಿಗೂ ಮೈ ಜುಮ್ಮೆಂದಿತ್ತು.

ಫಕೀರಬಿ ಆಡಿದ ಮಾತಿಗೆ ತಪ್ಪುವ ಹೆಂಗಸಲ್ಲ. ಟಾಕೀಸು ಹೋಗಿ ಟೀವಿ ಬಂತು. ಮನೆಯಲ್ಲಿ ಮಗನ ಪಿಕ್ಚರು ಹತ್ತಿದರೆ ಅವಳು ಹತ್ತಿಯ ಬುಟ್ಟಿ ಎತ್ತಿಕೊಂಡು ಅಂಗಳಕ್ಕೆ ನಡೆಯುತ್ತಿದ್ದಳು. ಪಕ್ಕದ ಮನೆಯ ಅಯ್ಯೂಬನಿಗೆ ಇದೊಂದು ಆಟ. ಅಂಗಳಕ್ಕೆ ಬಂದು, “ಫಕೀರಬೀ, ಜಲ್ದಿ ಬಾ, ನಿನ್ನ ಮಗನ್ನ ಫಾಶಿಗೆ ಹಾಕಾಕತ್ಯಾರ,” ಎನ್ನುವನು.

“ಹಾಕ್ಲಿ ಬಿಡು. ಮುಂದಿನ ವಾರ ಮತ್ತ ಪೊಲೀಸ ಆಗಿ ಬರ್ತಾನ,” ಎಂದು ಅವಳು ದಿಂಬು ತುಂಬುವಳು.

ನಗಬೇಡಿ. ಹಬ್ಬಕ್ಕೆ ಬಂದ ಮಗನಿಗೆ ಅವಳು ಪ್ರೀತಿಯಿಂದಲೇ ಉಣಬಡಿಸುತ್ತಿದ್ದಳು, ತಲೆಗೆ ಎಣ್ಣೆ ತಟ್ಟುತ್ತಿದ್ದಳು, ಮುಂಬಯಿಯ ನೀರು ನಿನಗೆ ಹಿಡಿಯಲಿಲ್ಲ ಎಂದು ಮರುಗುತ್ತಿದ್ದಳು. ಪಿಕ್ಚರಿನ ಮಾತನ್ನು ಮಾತ್ರ ಎತ್ತುತ್ತಿರಲಿಲ್ಲ. ಅವನೂ ಎತ್ತುತ್ತಿರಲಿಲ್ಲ. ಯಾಸ್ಮೀನ ಮಾತ್ರ ಒಮ್ಮೆ ಗಂಡನಿಗೆ, ನೀವಿಬ್ಬರೂ ಒಂದೇ ಕಲ್ಲಿನಲ್ಲಿ ಕಡೆದ ಮೊಂಡರು, ನಡುವೆ ನಾನು ಅರೆದುಹೋಗುತ್ತಿದ್ದೇನೆ ಎಂದಿದ್ದಳು.

ಮಾಶಾಕ ಸುಮ್ಮನೆ ಕೂತಿದ್ದನೆಂದಲ್ಲ. ಪ್ರತಿ ಪಿಕ್ಚರಿಗೂ ಮೊದಲು, ನನ್ನ ದನಿ ನಾನೇ ಕೊಡುತ್ತೇನೆ ಎಂದು ಕೇಳುತ್ತಿದ್ದ. ನೋಡೋಣ ಎನ್ನುತ್ತಿದ್ದರು. ಉಚ್ಚಾರ ಕಲಿಸುವ ಒಬ್ಬ ಮುದುಕನ ಹತ್ತಿರ ಎರಡು ವರ್ಷ ಹೋದ. ಹಿಂದಿ ಸುಧಾರಿಸಿತು, ಶುದ್ಧವಾಯಿತು. ಆದರೂ ಅವನ ಹೆಸರಿನ ಮುಂದೆ ಬಿದ್ದಿದ್ದ ಗೆರೆ ಅಳಿಸಲಿಲ್ಲ. ಒಂದು ಸಲ ಇಡೀ ದಿನ ನಿಂತು ತಾನೇ ದನಿ ಕೊಟ್ಟು ಬಂದ, ಊರಿಗೆ ಫೋನು ಮಾಡಿ ಅವ್ವನಿಗೆ ಹೇಳಬೇಕೆಂದು ಬೂತಿನ ತನಕ ಹೋಗಿ, ಪಿಕ್ಚರು ಬರಲಿ ಎಂದು ತಿರುಗಿ ಬಂದ. ತಿರುಗಿ ಬಂದದ್ದು ಒಳ್ಳೆಯದಾಯಿತು. ಪಿಕ್ಚರಿನಲ್ಲಿ ಮತ್ತೆ ಅದೇ ಪರರ ದನಿ.

ಆ ದನಿಯ ಒಡೆಯನನ್ನು ಅವನು ಕೊನೆಗೂ ಕಂಡ. ಸ್ಟುಡಿಯೋ ಒಂದರ ಚಹಾದಂಗಡಿಯಲ್ಲಿ ಬಡಕಲು ಮನುಷ್ಯನೊಬ್ಬ ಓಡಿ ಬಂದು ಕೈ ಹಿಡಿದುಕೊಂಡ. ಹೆಸರು ಶಫೀಕ, ಲಖನೌ ಕಡೆಯವನು. ಹನ್ನೆರಡು ವರ್ಷದಿಂದ ನಿಮ್ಮ ಮಾತು ನಾನೇ ಆಡುತ್ತಿದ್ದೇನೆ, ನಿಮ್ಮಷ್ಟು ಸ್ವಚ್ಛವಾಗಿ ತುಟಿ ಆಡಿಸುವ ನಟ ಬೇರೆ ಇಲ್ಲ, ನಿಮ್ಮಿಂದ ನನ್ನ ಒಲೆ ಉರಿಯುತ್ತಿದೆ ಎಂದ. ಒಳ್ಳೆಯ ಮನುಷ್ಯ. ಮಾಶಾಕ ಅವನಿಗೆ ಚಹಾ ಕುಡಿಸಿ, ಬೆನ್ನು ತಟ್ಟಿ ಕಳಿಸಿದ. ಆಮೇಲೆ ಅಂಗಡಿಯ ಹಿಂದಿನ ನಲ್ಲಿಯಲ್ಲಿ ಮುಖ ತೊಳೆದ, ಮತ್ತೆ ತೊಳೆದ, ನೀರು ನಿಂತು ಹೋದರೂ ತೊಳೆಯುತ್ತಲೇ ಇದ್ದ. ಕಳ್ಳನನ್ನು ಹಿಡಿದರೆ ಬಡಿಯಬಹುದು. ಬಡವನೊಬ್ಬ ನಿನ್ನ ಬಾಯಿಗೆ ದನಿ ಕೊಟ್ಟು ಹೊಟ್ಟೆ ಹೊರೆಯುತ್ತೇನೆ ಎಂದರೆ ಅವನನ್ನು ಏನು ಮಾಡುವುದು?

ಹೀಗೆ ಮಾಶಾಕನಿಗೆ ಅರವತ್ತು ದಾಟಿತು. ಯಾಸ್ಮೀನ ಬಸುರಿದ್ದಾಗ ಹೊಟ್ಟೆಯಲ್ಲಿದ್ದ ಮಗಳು ರುಹಿ ದೊಡ್ಡವಳಾಗಿ ಹುಲಕೋಟಿಯ ಶಾಲೆಯಲ್ಲಿ ಮಾಸ್ತರಿಣಿಯಾದಳು. ಫಕೀರಬಿಗೆ ಎಂಬತ್ತು ಆಯಿತು. ಆಗ ಒಬ್ಬ ಹೊಸ ಹುಡುಗ, ಮನೆಯಲ್ಲೇ ಕೂತು ಕಂತು ಕಂತಾಗಿ ನೋಡುವಂಥ ವೆಬ್ ಸೀರೀಸ್ ಮಾಡಲು ಹೊರಟವನು, ಮುಂಬಯಿಯಲ್ಲಿ ಮಾಶಾಕ ಒಬ್ಬನೇ ಇದ್ದ ಖೋಲಿಗೇ ಬಂದ. ಗೋದಾಮಿನಲ್ಲಿ ಬೆಂಕಿ ಬಿದ್ದು ದುಡಿಯುವ ಹೆಣ್ಣುಮಕ್ಕಳು ಸಾಯುವ ಕಥೆ. ಅವರಲ್ಲೊಬ್ಬಳ ತಂದೆಯ ಪಾತ್ರ, ಮೊದಲಿನಿಂದ ಕೊನೆಯವರೆಗೆ ಇರುವಂಥದು. ಮಾಶಾಕನ ಜನ್ಮದಲ್ಲಿ ಇಷ್ಟು ದೊಡ್ಡ ಪಾತ್ರ ಬಂದಿರಲಿಲ್ಲ. ಅವನು ಒಂದೇ ಮಾತು ಕೇಳಿದ: ದನಿ ನನ್ನದೇ ಇರಬೇಕು. ಹುಡುಗ ಎದೆ ಮುಟ್ಟಿಕೊಂಡು ಒಪ್ಪಿದ. ಮಾಶಾಕ ಅವತ್ತೇ ಮನೆಗೆ ಫೋನು ಮಾಡಿ ರುಹಿಗೆ ಹೇಳಿದ. ಆಯಿಗೆ ಹೇಳಲೇನಪ್ಪಾ ಎಂದು ಅವಳು ಅಜ್ಜಿಯ ಮಾತು ತೆಗೆದು ಕೇಳಿದರೆ, ಬ್ಯಾಡ, ಕೇಳಿದ ಮ್ಯಾಲ ಆಕಿಗೇ ತಿಳೀತೈತಿ ಎಂದ.

ಶೂಟಿಂಗಿನ ಕೊನೆಯ ದಿನ. ಪನವೇಲಿನ ಆಚೆ ಬಯಲಿನಲ್ಲಿ ಹಳೆಯ ಗೋದಾಮೊಂದನ್ನು ಖರೇಖರೆ ಸುಡುವ ತಯಾರಿ. ಸುಟ್ಟರೆ ಮುಗಿಯಿತು, ಎರಡನೆಯ ಸಲ ಸುಡಲು ಗೋದಾಮಿಲ್ಲ. ಉರಿಯುವ ಗೋದಾಮಿನ ಮುಂದೆ ಮಗಳ ಹೆಣ, ಹೆಣದ ಮುಂದೆ ತಂದೆ. ತಂದೆಗೆ ಮಾತಿಲ್ಲ, ಬಾಯಿ ಮುಚ್ಚಿ ನಿಲ್ಲಬೇಕು, ಕಣ್ಣೀರು ಇಳಿಯಬೇಕು, ಹಿನ್ನೆಲೆಯಲ್ಲಿ ಸಂಗೀತ. ಮಾಶಾಕ ಬಣ್ಣ ಹಚ್ಚಿಸಿಕೊಳ್ಳುತ್ತಿರುವಾಗ ಕಂಪನಿಯ ಮ್ಯಾನೇಜರ ಬಂದು, ಏನೂ ವಿಶೇಷವಿಲ್ಲವೆಂಬಂತೆ, ಶಫೀಕನಿಗೆ ದನಿ ಕೊಡಲು ಹೇಳಿದ್ದೇವೆ, ಮೇಲಿನವರು ನಿಮ್ಮ ಉಚ್ಚಾರ ಬೇಡವೆಂದರು, ಬೇಸರ ಬೇಡ ಎಂದ. ನಿರ್ದೇಶಕ ಹುಡುಗ ಅತ್ತ ನಿಂತವನು ನೆಲ ನೋಡುತ್ತಿದ್ದ.

ಹೇಳಿ, ಇದು ಯಾವ ನ್ಯಾಯ? ಮೂವತ್ತು ವರ್ಷ ಎತ್ತನ್ನು ಗಾಣಕ್ಕೆ ಕಟ್ಟಿ ದುಡಿಸಿದವರು, ಕೊನೆಗೆ ಮೇವು ತೋರಿಸಿಯೂ ಕಿತ್ತುಕೊಂಡರು. ಮಾಶಾಕ ಬಣ್ಣ ಹಚ್ಚುವವನಿಗೆ, ಇನ್ನೊಂದಿಷ್ಟು ಮಸಿ ಬಳಿ ತಮ್ಮಾ ಎಂದ. ಎದ್ದು ನಿಂತು ಅಂಗಿ ಸರಿ ಮಾಡಿಕೊಂಡ. ಇವತ್ತು ನನ್ನ ಬಾಯಿ ನನ್ನದು ಎಂದು ಅವನ ಒಳಗೆ ತೀರ್ಮಾನವಾಗಿ ಹೋಗಿತ್ತು.

ನಮ್ಮ ಕಡೆ ಸತ್ತವರ ಮುಂದೆ ಹೆಣ್ಣುಮಕ್ಕಳು ಹಾಡ್ಯಾಡಿ ಅಳುತ್ತಾರೆ. ಸತ್ತವರನ್ನು ಮಾತಾಡಿಸುತ್ತ, ಉಂಡದ್ದು ಉಟ್ಟದ್ದು ಕೈಯಾರೆ ಮಾಡಿದ್ದು ಎಲ್ಲ ಹೇಳಿ ಹೇಳಿ, ರಾಗ ಎಳೆದು ಅಳುವುದು. ಜಾತಿ ಯಾವುದೇ ಇರಲಿ, ಓಣಿಯ ಅಳು ಒಂದೇ. ಒಬ್ಬಳು ಅಳುತ್ತಿದ್ದರೆ ಇನ್ನೊಬ್ಬಳು ಬಂದು ಕೊರಳಿಗೆ ಕೈ ಹಾಕಿ ಅವಳ ಸೊಲ್ಲಿಗೆ ಸೊಲ್ಲು ಕೂಡಿಸಬೇಕು. ಒಬ್ಬಳನ್ನೇ ಅಳಲು ಬಿಟ್ಟರೆ ಅವಳ ಎದೆ ಒಡೆಯುತ್ತದೆ ಎಂದು ನಂಬಿಕೆ. ಆ ಸಪ್ಪಳ ಕೇಳಿದರೆ ಕೈಯಲ್ಲಿನ ಕೆಲಸ ಬಿಟ್ಟು ಓಣಿಯವರು ಓಡಿ ಬರುತ್ತಾರೆ. ಗಂಡಸರು ಹಾಗೆ ಅಳುವ ಪದ್ಧತಿ ಇಲ್ಲ, ಅವರು ಗೋಡೆಗೆ ಒರಗಿ ಟಾವೆಲ್ಲಿನಿಂದ ಮುಖ ಮುಚ್ಚಿಕೊಳ್ಳುತ್ತಾರೆ. ಆದರೆ ಮಾಶಾಕ ಹೆಣ್ಣಿನ ಪಾತ್ರ ಮಾಡಿದವನು. ಆ ಅಳು ಅವನ ಮೈಯಲ್ಲಿತ್ತು.

ಗೋದಾಮು ಹತ್ತಿಕೊಂಡಿತು. ಬೆಂಕಿಯ ಸಪ್ಪಳ ಹಿಡಿಯಲು ಅಲ್ಲಲ್ಲಿ ಮೈಕು ಇಟ್ಟಿದ್ದರು. ಮಾಶಾಕ ನಿಲ್ಲಬೇಕಾದಲ್ಲಿ ನಿಲ್ಲಲಿಲ್ಲ. ಧೊಪ್ಪನೆ ಕೂತ. ಹುಡುಗಿಯ ತಲೆಯನ್ನು ತೊಡೆಯ ಮೇಲೆ ತೆಗೆದುಕೊಂಡು, ಹಿಂದಿನ ಸಾಲಿನ ಮುದುಕಿಗೂ ಕೇಳಿಸುವ ಆ ಹಳೆಯ ದನಿಯನ್ನು ಎದೆಯ ತಳದಿಂದ ಎತ್ತಿದ.

“ಹಂಚಿನ ಮ್ಯಾಲಿನ ರೊಟ್ಟಿ ಹೊತ್ತಾಕತ್ತೈತಿ, ಹೊಳ್ಳಿ ಹಾಕವರು ಯಾರ ನನ್ನವ್ವಾ… ಗೂಟಕ್ಕ ಹಾಕಿದ ಹೊಸ ಜಂಪರ ಹಂಗ ಐತಿ, ತೊಟ್ಟು ತೋರಿಸವರು ಯಾರ ನನ್ನವ್ವಾ… ಸಂಜಿಗಿ ಬರ್ತೀನಂದೀ, ಸಂಜಿ ಯಾವಾಗ ಆಗತೈತಿ ಹೇಳ ನನ್ನವ್ವಾ…”

ಕ್ಯಾಮರಾದವನು ಕಟ್ ಎನ್ನುವ ಮಾತಿಗೆ ಕಾದ. ನಿರ್ದೇಶಕನ ಬಾಯಿಂದ ಆ ಮಾತು ಬರಲಿಲ್ಲ. ಕನ್ನಡದ ಒಂದಕ್ಷರ ತಿಳಿಯದ ಬಣ್ಣದವನು, ಲೈಟಿನವರು, ಚಹಾ ಕೊಡುವವರು ಎಲ್ಲ ನಿಂತಲ್ಲೇ ನಿಂತರು. ಹೆಣವಾಗಿ ಮಲಗಿದ್ದ ಹುಡುಗಿಯ ಮುಚ್ಚಿದ ಕಣ್ಣಿನಿಂದಲೂ ನೀರು ಇಳಿಯಿತಂತೆ. ಗೋದಾಮಿನ ಮಾಡು ಕುಸಿದು ಬೀಳುವ ತನಕ ಮಾಶಾಕ ಅತ್ತ. ಆಮೇಲೆ ಎದ್ದು ಮೊಣಕಾಲಿನ ಮಣ್ಣು ಕೊಡವಿಕೊಂಡ. ಮ್ಯಾನೇಜರ ಮೈಮೇಲೆ ಬಂದವನ ಹಾಗೆ ಹಾರಾಡಿದ: ಬಾಯಿ ಮುಚ್ಚಿ ಅಳು ಎಂದು ಹೇಳಿದ್ದೆವಲ್ಲ! ನಮ್ಮೂರಲ್ಲಿ ಮಗಳು ಸತ್ತರೆ ಬಾಯಿ ಮುಚ್ಚಿ ಅಳುವುದಿಲ್ಲ ಸಾಹೇಬರೇ ಎಂದು ಮಾಶಾಕ ಶುದ್ಧವಾದ ಹಿಂದಿಯಲ್ಲಿ ಹೇಳಿ ಬಣ್ಣ ತೊಳೆಯಲು ಹೋದ.

ಅದನ್ನು ಅಳಿಸಲು ಅವರು ಮಾಡದ ಪ್ರಯತ್ನವಿಲ್ಲ. ಬರೀ ಸಂಗೀತ ಹಾಕಿ ನೋಡಿದರು. ಬಾಯಿ ಅಷ್ಟು ದೊಡ್ಡದಾಗಿ ತೆರೆದಿರುವಾಗ ದನಿಯಿಲ್ಲದಿದ್ದರೆ ನೋಡಲಾಗಲಿಲ್ಲ. ಶಫೀಕನನ್ನು ಕರೆಸಿ ಇದಕ್ಕೊಂದು ಹಿಂದಿಯ ಅಳು ಕೂಡಿಸು ಎಂದರು. ಶಫೀಕ ಕಿವಿಗೆ ಯಂತ್ರ ಹಾಕಿಕೊಂಡು ಪೂರ್ತಿ ಕೇಳಿದ, ಇನ್ನೊಮ್ಮೆ ಕೇಳಿದ, ಯಂತ್ರ ತೆಗೆದು ಮೇಜಿನ ಮೇಲಿಟ್ಟ. ಮಾತಾದರೆ ತುಟಿ ನೋಡಿ ಕೂಡಿಸಬಲ್ಲೆ, ಈ ಮನುಷ್ಯನ ಉಸಿರನ್ನು ನಾನು ಎಲ್ಲಿಂದ ತರಲಿ, ನನ್ನಿಂದಾಗದು ಎಂದ. ಬೇರೆ ಇಬ್ಬರನ್ನು ಕರೆಸಿದರು, ಅವರದ್ದು ಕೇಳಿ ನಗೆ ಬಂತು. ಕೊನೆಗೆ ಬೇರೆ ದಾರಿಯಿಲ್ಲದೆ, ಉಳಿದ ಮಾತೆಲ್ಲ ಶಫೀಕನ ದನಿಯಲ್ಲಿ, ಅಳುವೊಂದು ಮಾಶಾಕನ ದನಿಯಲ್ಲಿ ಇಟ್ಟು ಮುಗಿಸಿದರು. ಈ ಸುದ್ದಿಯನ್ನೆಲ್ಲ ಶಫೀಕನೇ ಫೋನು ಮಾಡಿ ಹೇಳಿದ. ಮಾಶಾಕನಿಗೆ ಇನ್ನು ಕೆಲಸ ಕೊಡಬಾರದು, ಅವನು ಹೇಳಿದ ಮಾತು ಕೇಳುವವನಲ್ಲ ಎಂದು ಆ ಕಂಪನಿಯವರು ಎಲ್ಲ ಕಡೆ ಹೇಳಿಕೊಂಡು ಬರುತ್ತಿರುವುದನ್ನೂ ಹೇಳಿದ.

ಮಾಶಾಕ ಖೋಲಿ ಖಾಲಿ ಮಾಡಿ ಗದಗಿನ ರೈಲು ಹತ್ತಿದ. ಊರಿಗೆ ಬಂದ ವಾರದಲ್ಲೇ ಮುಂಡರಗಿಗೆ ಹೋಗಿ ಗವಿಸಿದ್ದಪ್ಪ ಮಾಸ್ತರರ ಕಾಲು ಮುಟ್ಟಿದ. ಮಾಸ್ತರರಿಗೆ ಈಗ ತೊಂಬತ್ತರ ಹತ್ತಿರ, ಹಾಸಿಗೆ ಬಿಟ್ಟು ಏಳುವುದಿಲ್ಲ. ಎಲ್ಲ ಕೇಳಿದ ಮೇಲೆ, ತಿರುಗಿ ಕರೀತಾರೇನೋ ಎಂದರು.

“ಕರಿಯಾಂಗಿಲ್ರಿ ಮಾಸ್ತರ. ಕರದ್ರೂ ಬಾಯಿ ಕೊಟ್ಟು ದನಿ ಬಿಟ್ಟು ಹೋಗಾಂಗಿಲ್ಲ ಇನ್ನ,” ಎಂದ ಮಾಶಾಕ.

ಮಾಸ್ತರ ಬಹಳ ಹೊತ್ತು ಅವನ ಕೈ ಹಿಡಿದುಕೊಂಡಿದ್ದರು.

ಆ ಸೀರೀಸ್ ಬಂತು. ಭಾನುವಾರದ ಮಧ್ಯಾಹ್ನ ರುಹಿ ಟೀವಿಗೆ ಅದನ್ನು ಹತ್ತಿಸಿದಳು. ಯಾಸ್ಮೀನ ಕೂತಳು, ಅಯ್ಯೂಬನ ಹೆಂಡತಿ ಗುಲಾಬಬಿ ಬಂದು ಕೂತಳು. ಫಕೀರಬಿ ಎಂದಿನಂತೆ ಹತ್ತಿಯ ಬುಟ್ಟಿ ಎತ್ತಿಕೊಂಡು ಅಂಗಳಕ್ಕೆ ನಡೆದಳು. ಅವ್ವಾ, ಇವತ್ತು ಕೂಡು ಎಂದು ಮಾಶಾಕ ಹೇಳಬೇಕಿತ್ತು. ಹೇಳಲಿಲ್ಲ. ಮೂವತ್ತು ವರ್ಷದ ಮೇಲೆ ಬರೀ ಒಂದು ಅಳು ತಂದಿದ್ದೇನೆ, ಬಾ ಕೇಳು ಎಂದು ಎಂಬತ್ತರ ತಾಯಿಗೆ ಹೇಗೆ ಹೇಳುವುದು? ಸಾಕಾಗದಿದ್ದರೆ? ಇದೂ ನಿನ್ನ ದನಿಯಲ್ಲ ಎಂದು ಅವಳು ತಲೆ ಅಲ್ಲಾಡಿಸಿಬಿಟ್ಟರೆ? ಅವನು ಬಾಗಿಲಿನ ಚೌಕಟ್ಟಿಗೆ ಒರಗಿ, ಅತ್ತ ಟೀವಿಯೂ ಇತ್ತ ಅವ್ವನೂ ಕಾಣುವ ಹಾಗೆ ನಿಂತ.

ಕಂತಿನ ಮೇಲೆ ಕಂತು ಸರಿದವು. ಶಫೀಕನ ಶುದ್ಧ ದನಿ ಮನೆಯ ತುಂಬ ಆಡುತ್ತಿತ್ತು. ಫಕೀರಬಿ ಕತ್ತೆತ್ತದೆ ದಿಂಬು ತುಂಬುತ್ತಿದ್ದಳು. ಬಿಸಿಲು ಗೋಡೆ ಹತ್ತಿತು. ಗೋದಾಮಿಗೆ ಬೆಂಕಿ ಬಿತ್ತು. ಮಾಶಾಕ ಟೀವಿ ಬಿಟ್ಟು ಅವ್ವನ ಕಡೆ ತಿರುಗಿದ.

ಹಂಚಿನ ಮ್ಯಾಲಿನ ರೊಟ್ಟಿ ಎಂದು ದನಿ ಎದ್ದಾಗ ಫಕೀರಬಿಯ ಕೈಯಲ್ಲಿದ್ದ ಹತ್ತಿ ಕೈಯಲ್ಲೇ ಉಳಿಯಿತು. ಅವಳು ಎದ್ದಳು. ಗೋಡೆ ಹಿಡಿಯದೆ ಎದ್ದು ಎಷ್ಟು ವರ್ಷವಾಗಿತ್ತೋ. ಮಗನನ್ನು ದಾಟಿ ಒಳಗೆ ಹೋಗಿ, ಟೀವಿಯ ಮುಂದೆ ನೆಲದ ಮೇಲೆ ಕೂತಳು. ಪರದೆಯ ಮೇಲಿನ ಮಗನ ಮುಖವನ್ನು ನೋಡಿದಳು. ಅವನು ಒಬ್ಬನೇ ಇದ್ದ. ಪಿಕ್ಚರಿನಲ್ಲಿ ಅವನ ಸುತ್ತ ಅಷ್ಟು ಜನ ನಿಂತಿದ್ದರೂ ಒಬ್ಬರೂ ಬಂದು ಕೊರಳಿಗೆ ಕೈ ಹಾಕಿರಲಿಲ್ಲ. ಫಕೀರಬಿ ಹಿಂದೆ ಕೈ ಚಾಚಿ, ಬಾಗಿಲಲ್ಲಿದ್ದ ಮಗನನ್ನು ಬಾ ಎಂದು ಕರೆದಳು. ಅರವತ್ತು ದಾಟಿದ ಮಗ ಬಂದು ಪಕ್ಕದಲ್ಲಿ ಕೂತ. ಅವನ ಕೊರಳಿಗೆ ಕೈ ಹಾಕಿದಳು, ಪರದೆಯ ಕಡೆ ನೋಡುತ್ತಲೇ ಸೊಲ್ಲು ಎತ್ತಿದಳು.

“ದೂರದ ಊರಾಗ ಒಬ್ಬನ ಅತ್ತೀಯಲ್ಲೋ, ಕಣ್ಣ ಒರಸವರು ಯಾರ ನನ್ನಪ್ಪಾ…”

ಗುಲಾಬಬಿ ಹೌಹಾರಿ ಎದ್ದಳು. ಸಾವಿಲ್ಲದ ಮನೆಯಲ್ಲಿ ಹಾಡ್ಯಾಡಿ ಅಳುವುದು ಕೆಟ್ಟದ್ದು, ಸಾವನ್ನು ಕರೆದ ಹಾಗೆ. ಯಾಸ್ಮೀನ ಅತ್ತೆಯ ಬಾಯಿಗೆ ಕೈ ಅಡ್ಡ ಹಿಡಿಯಲು ಹೋದಳು. ರುಹಿ ಗಾಬರಿಯಾಗಿ ಟೀವಿ ಆರಿಸಲು ಕೈ ಚಾಚಿದಳು.

“ಆರಿಸಬ್ಯಾಡ,” ಎಂದಳು ಫಕೀರಬಿ. “ನನ್ನ ಮಗ ಅಳಾಕತ್ಯಾನ. ಒಬ್ಬನ್ನ ಬಿಡಲೇನು?”

ರುಹಿ ಕೈ ಹಿಂದೆ ತೆಗೆದುಕೊಂಡಳು. ಪರದೆಯೊಳಗಿನ ಮಗನ ಸೊಲ್ಲು ಮುಗಿದರೆ ತಾಯಿಯ ಸೊಲ್ಲು, ತಾಯಿಯದು ಮುಗಿಯುವಷ್ಟರಲ್ಲಿ ಮಗನದು. ಎರಡೂ ಒಂದೇ ರಾಗ, ಒಂದೇ ಮೊಂಡತನ. ಮಾಶಾಕನ ದೇಹ ಅವ್ವನ ಕೈಯೊಳಗೆ ಕುಲುಕುತ್ತಿತ್ತು. ಅವನು ಅಳು ತಡೆಯಲು ನೋಡಲಿಲ್ಲ.

ಓಣಿಯವರಿಗೆ ಸಪ್ಪಳ ಕೇಳಿತು. ಅಯ್ಯೂಬ ಚಪ್ಪಲಿ ಮೆಟ್ಟದೆ ಓಡಿ ಬಂದ. ಎದುರು ಮನೆಯ ಹನಮಂತವ್ವ ಹಿಟ್ಟಿನ ಕೈಯಲ್ಲೇ ಬಂದಳು, ಅವಳ ಹಿಂದೆ ನೇಕಾರರ ಮನೆಯವರು, ಅವರ ಹಿಂದೆ ಇನ್ನಷ್ಟು ಜನ. ಅಂಗಳ ತುಂಬಿತು. ಹನಮಂತವ್ವ ಎದೆಯ ಮೇಲೆ ಕೈ ಇಟ್ಟುಕೊಂಡು, ಯಾರು ಹೋದರು ಎಂದು ಕೇಳಿದಳು.

ಫಕೀರಬಿ ಮಗನ ಕೊರಳಿನ ಮೇಲಿನ ಕೈ ತೆಗೆಯದೆ ಬಾಗಿಲ ಕಡೆ ತಿರುಗಿದಳು.

“ಯಾರೂ ಹೋಗಿಲ್ಲ. ನನ್ನ ಮಗ ಮಾತಾಡಾಕತ್ಯಾನ. ಒಳಗ ಬಂದು ಕೇಳ್ರಿ.”